ಕ್ರಿಸ್ಟೋಫರ್ ಮೊರಹನ್

ಕ್ರಿಸ್ಟೋಫರ್ ಮೊರಹನ್ (1929–2017) ಬ್ರಿಟನ್ನಿನ ಚಲನಚಿತ್ರ ಹಾಗೂ ರಂಗಭೂಮಿ ನಿರ್ದೇಶಕ, ಕಿರುತೆರೆಯ ನಿರ್ಮಾಪಕ. ಪಾಲ್ ಸ್ಕಾಟ್ ಕಾದಂಬರಿಗಳನ್ನು ಆಧರಿಸಿ ಗ್ರನಾಡಾ ಸಂಸ್ಥೆ ತೆಗೆದ ‘ದ ಜ್ಯುವೆಲ್ ಇನ್ ದ ಕ್ರೌನ್’ (1984) ಧಾರಾವಾಹಿಯಿಂದ ಹೆಸರಾದವನು. ಅದರ ಒಂದಷ್ಟು ಚಿತ್ರೀಕರಣ ಮೈಸೂರಿನಲ್ಲೂ ನಡೆದಿತ್ತು.

ಮೊರಹನ್ 1929ರ ಜುಲೈ 9ರಂದು ಲಂಡನ್ನಿನಲ್ಲಿ ಹುಟ್ಟಿದ. ತಂದೆ ಟಾಮ್ ಮೊರಹನ್ ಚಲನಚಿತ್ರ ಕಲಾ ನಿರ್ದೇಶಕ, ಹಿಚ್‌ಕಾಕ್ ಚಿತ್ರಗಳಿಗೆ ದೃಶ್ಯವಿನ್ಯಾಸ ಮಾಡಿದವನು. ಆದರೆ ಮಗ ಮೊದಲು ಹಿಡಿದದ್ದು ನಾಟಕದ ದಾರಿ. ಫ್ರೆಂಚ್ ರಂಗತಜ್ಞ ಮಿಶೆಲ್ ಸ್ಯಾಂ-ದೆನಿ ನಡೆಸುತ್ತಿದ್ದ ಓಲ್ಡ್ ವಿಕ್ ನಾಟಕಶಾಲೆಯಲ್ಲಿ ಕಲಿತ. ಅಲ್ಲಿಂದ ಹೊಸದಾಗಿ ಕಣ್ಣುಬಿಡುತ್ತಿದ್ದ ವಾಣಿಜ್ಯ ಟೆಲಿವಿಷನ್ನಿಗೆ ಬಂದು, ಆಸ್ಪತ್ರೆಯ ಕತೆಯ ‘ಎಮರ್ಜೆನ್ಸಿ ವಾರ್ಡ್ 10’ ಧಾರಾವಾಹಿಯ ಕಂತುಗಳನ್ನು ನಿರ್ದೇಶಿಸುತ್ತ ಕೈ ಪಳಗಿಸಿಕೊಂಡ.

1964ರಲ್ಲಿ ಬಿಬಿಸಿಯ ಎರಡನೇ ವಾಹಿನಿ ಶುರುವಾಯಿತು. 625 ಗೆರೆಗಳ ಹೊಸ ತಂತ್ರಜ್ಞಾನ ಅದರ ಹೆಗ್ಗಳಿಕೆ. ಆ ವಾಹಿನಿಯ ನಾಟಕಮಾಲೆಯ ಹೆಸರೂ ‘ಥಿಯೇಟರ್ 625’. ಮೊರಹನ್‌ಗೆ ಹೆಸರು ತಂದದ್ದು ಈ ಮಾಲೆ. 1965ರ ನವೆಂಬರಿನಲ್ಲಿ ಜಾರ್ಜ್ ಆರ್ವೆಲ್ ಕಾದಂಬರಿ ‘ನೈನ್ಟೀನ್ ಎಯ್ಟಿಫೋರ್’ ಅವನ ನಿರ್ದೇಶನದಲ್ಲಿ ಪ್ರಸಾರವಾಯಿತು. 1954ರಲ್ಲಿ ಪೀಟರ್ ಕುಶಿಂಗ್ ನಟಿಸಿದ್ದ ರೂಪಾಂತರಕ್ಕೆ ತಾನೇ ಬರೆದಿದ್ದ ಚಿತ್ರಕಥೆಯನ್ನು ನೈಜೆಲ್ ನೀಲ್ ಈ ಸಲಕ್ಕೆಂದು ತಿದ್ದಿಕೊಟ್ಟಿದ್ದ. ಹಳೆಯದರ ಖ್ಯಾತಿಯ ನೆರಳಿನಲ್ಲಿ ಹೊಸದು ಮುಚ್ಚಿಹೋಯಿತು.

ಮರುವರ್ಷ ಬಂದ ‘ಟಾಕಿಂಗ್ ಟು ಎ ಸ್ಟ್ರೇಂಜರ್’ಗೆ ಆ ಗತಿ ಬರಲಿಲ್ಲ. ಜಾನ್ ಹಾಪ್‌ಕಿನ್ಸ್ ಬರೆದ ನಾಲ್ಕು ನಾಟಕಗಳ ಗುಚ್ಛ ಇದು. ಒಂದೇ ಸಂಸಾರದ ಒಂದೇ ವಾರಾಂತ್ಯದ ಕತೆ. ತಂದೆ, ತಾಯಿ, ಮಗಳು, ಮಗ ಒಬ್ಬೊಬ್ಬರ ಕಣ್ಣಿನಿಂದ ಒಂದೊಂದು ನಾಟಕ. ಒಬ್ಬರಿಗೆ ಏನೂ ಅಲ್ಲದ ಮಾತು ಇನ್ನೊಬ್ಬರ ನಾಟಕದಲ್ಲಿ ಇರಿತವಾಗಿ ಕೇಳಿಸುತ್ತದೆ. ತಾಯಿಯ ಆತ್ಮಹತ್ಯೆಯತ್ತ ಕತೆ ಸರಿಯುತ್ತದೆ. ಮಗಳ ಪಾತ್ರ ಮಾಡಿದವಳು ಜೂಡಿ ಡೆಂಚ್. ಸ್ಟುಡಿಯೋದ ನಾಲ್ಕು ಗೋಡೆಗಳ ನಡುವೆ, ಮುಖಗಳಿಗೆ ಹತ್ತಿರವಾಗಿ ಕ್ಯಾಮೆರಾ ನಿಲ್ಲಿಸಿ, ಮೌನಕ್ಕೂ ಸಮಯ ಕೊಟ್ಟು ತೆಗೆದ ಕೆಲಸವಿದು. ಮೊರಹನ್ ಶೈಲಿ ಎಂದು ಯಾವುದನ್ನಾದರೂ ಕರೆಯುವುದಿದ್ದರೆ ಇದನ್ನೇ. ನಿರ್ದೇಶಕನ ಕೈ ಎಲ್ಲೂ ಕಾಣುವುದಿಲ್ಲ, ಬರೆದವನ ಮಾತೂ ನಟರ ಮುಖವೂ ಕಾಣುತ್ತವೆ. ವಿಮರ್ಶಕರು ಅವನ ವಿಚಾರದಲ್ಲಿ ಹೆಚ್ಚು ಬರೆಯದಿರಲು ಇದೂ ಒಂದು ಕಾರಣವಿದ್ದೀತು.

ದೊಡ್ಡ ಪರದೆ ಅವನಿಗೆ ಅಷ್ಟಾಗಿ ಒಲಿಯಲಿಲ್ಲ. ಮಾರ್ಚೆಲೊ ಮಾಸ್ತ್ರೊಯಾನಿ ನಟಿಸಿದ ‘ಡೈಮಂಡ್ಸ್ ಫಾರ್ ಬ್ರೇಕ್‌ಫಾಸ್ಟ್’ (1968), ಮರುವರ್ಷದ ‘ಆಲ್ ನೀಟ್ ಇನ್ ಬ್ಲ್ಯಾಕ್ ಸ್ಟಾಕಿಂಗ್ಸ್’ ಎರಡೂ ಆ ಕಾಲದ ಲಂಡನ್ನಿನ ಹುರುಪಿಗೆ ಸೇರಿದವು, ಆ ಹುರುಪಿನ ಜೊತೆಗೇ ಹಿಂದೆ ಸರಿದವು. 1972ರಿಂದ 1976ರವರೆಗೆ ಬಿಬಿಸಿಯ ನಾಟಕ ವಿಭಾಗದ ಮುಖ್ಯಸ್ಥನಾಗಿದ್ದ. ‘ಪ್ಲೇ ಫಾರ್ ಟುಡೇ’ ಮಾಲೆ ವಾದವಿವಾದ ಎಬ್ಬಿಸುತ್ತಿದ್ದ ದಿನಗಳವು. ಮುಂದೆ 1977ರಲ್ಲಿ ನ್ಯಾಷನಲ್ ಥಿಯೇಟರ್ ಸೇರಿ ಪೀಟರ್ ಹಾಲ್‌ನ ಬಲಗೈಯಾಗಿ ದುಡಿದ. ಬರ್ನಾರ್ಡ್ ಶಾನ ‘ಮ್ಯಾನ್ ಅಂಡ್ ಸೂಪರ್‌ಮ್ಯಾನ್’ ನಾಟಕವನ್ನು 1981ರಲ್ಲಿ ಅಲ್ಲಿ ರಂಗಕ್ಕೆ ತಂದ.

ಇಷ್ಟೆಲ್ಲ ಅನುಭವ ಒಟ್ಟಿಗೆ ಕೆಲಸಕ್ಕೆ ಬಂದದ್ದು ಭಾರತದ ಕತೆಯಲ್ಲಿ. ಪಾಲ್ ಸ್ಕಾಟ್ 1966ರಿಂದ 1975ರ ನಡುವೆ ಪ್ರಕಟಿಸಿದ ನಾಲ್ಕು ಕಾದಂಬರಿಗಳು 1942ರ ಕ್ವಿಟ್ ಇಂಡಿಯಾ ಚಳವಳಿಯಿಂದ 1947ರ ದೇಶವಿಭಜನೆಯವರೆಗೆ ಹರಡಿಕೊಂಡಿವೆ. ಕಾಲ ಹಿಂದುಮುಂದಾಗುವ, ಒಂದೇ ಘಟನೆಯನ್ನು ಹಲವರು ಹೇಳುವ ಈ ಬರಹವನ್ನು ತೆರೆಗೆ ತರುವುದಾಗದು ಎಂದುಕೊಂಡವರೇ ಹೆಚ್ಚು. ಗ್ರನಾಡಾದ ಡೆನಿಸ್ ಫಾರ್ಮನ್ ಪಟ್ಟುಹಿಡಿದ. ಭಾರತದಲ್ಲಿ ಚಿತ್ರೀಕರಣ ಸಾಧ್ಯವೇ ಎಂದು ನೋಡಲು ಮೊದಲು ಸ್ಕಾಟ್‌ನದೇ ‘ಸ್ಟೇಯಿಂಗ್ ಆನ್’ ಕಾದಂಬರಿಯನ್ನು ಟಿವಿ ಚಿತ್ರವಾಗಿಸಿದರು. ಬಳಿಕ ಕೆನ್ ಟೇಲರ್ ನಾಲ್ಕೂ ಕಾದಂಬರಿಗಳ ಗಂಟು ಬಿಡಿಸಿ, ಕಾಲಾನುಕ್ರಮವಾಗಿ ಹದಿನಾಲ್ಕು ಕಂತುಗಳ ಚಿತ್ರಕಥೆ ಬರೆದ. ನಿರ್ಮಾಪಕನ ಹೊಣೆ ಮೊರಹನ್‌ದು. ನಿರ್ದೇಶನವನ್ನು ಜಿಮ್ ಓಬ್ರಿಯನ್ ಜೊತೆ ಹಂಚಿಕೊಂಡ.

ಉದಯಪುರ, ಮೈಸೂರು, ಶಿಮ್ಲಾ, ಕಾಶ್ಮೀರಗಳಲ್ಲಿ ಹೊರಾಂಗಣ, ಮ್ಯಾಂಚೆಸ್ಟರಿನಲ್ಲಿ ಒಳಾಂಗಣ. ಸ್ಕಾಟ್‌ನ ಮಾಯಾಪುರ ನಕ್ಷೆಯಲ್ಲಿಲ್ಲದ ಊರು, ಹಾಗಾಗಿ ಅದನ್ನು ಹಲವು ಊರುಗಳ ತುಣುಕುಗಳಿಂದ ಕಟ್ಟಬೇಕಾಯಿತು. ಮ್ಯಾಂಚೆಸ್ಟರಿನ ಗೋದಾಮಿಗೆ ಬೆಂಕಿ ಬಿದ್ದು ಸಾಮಗ್ರಿ ಸುಟ್ಟುಹೋದಾಗ ನಿರ್ಮಾಪಕನ ಪಾಡು ಏನಾಗಿರಬೇಕು ಎಂಬುದನ್ನು ಸಿನಿಮಾ ಮಂದಿಗೆ ವಿವರಿಸಬೇಕಾಗಿಲ್ಲ. 1984ರ ಜನವರಿಯಿಂದ ಏಪ್ರಿಲ್‌ವರೆಗೆ ಐಟಿವಿಯಲ್ಲಿ ಧಾರಾವಾಹಿ ಪ್ರಸಾರವಾಯಿತು. ಪೊಲೀಸ್ ಅಧಿಕಾರಿ ಮೆರಿಕ್ ಆಗಿ ಟಿಮ್ ಪಿಗಟ್-ಸ್ಮಿತ್, ಮುದಿ ಮಿಷನರಿ ಬಾರ್ಬಿಯಾಗಿ ಪೆಗಿ ಆಶ್‌ಕ್ರಾಫ್ಟ್, ಹರಿಕುಮಾರನಾಗಿ ಆರ್ಟ್ ಮಲಿಕ್ ಇದ್ದರು. ಸಯೀದ್ ಜಾಫ್ರಿ, ಜೊಹ್ರಾ ಸೆಹಗಲ್, ಓಂ ಪುರಿ ಕೂಡ ತಾರಾಗಣದಲ್ಲಿದ್ದರು. ಬಾಫ್ಟಾ ಪ್ರಶಸ್ತಿಗಳೂ ಅಮೆರಿಕದ ಎಮ್ಮಿ ಪ್ರಶಸ್ತಿಯೂ ಬಂದವು.

ಹೊಗಳಿಕೆಯ ನಡುವೆ ಸಲ್ಮಾನ್ ರಷ್ದಿ ಅದೇ ವರ್ಷ ಬರೆದ ಪ್ರಬಂಧವೊಂದರಲ್ಲಿ ಈ ಧಾರಾವಾಹಿಯನ್ನು ‘ಗಾಂಧಿ’, ‘ದ ಫಾರ್ ಪೆವಿಲಿಯನ್ಸ್’ಗಳ ಸಾಲಿನಲ್ಲಿ ನಿಲ್ಲಿಸಿ ತರಾಟೆಗೆ ತೆಗೆದುಕೊಂಡ. ಬ್ರಿಟಿಷರು ಕಳೆದುಹೋದ ಸಾಮ್ರಾಜ್ಯದ ಹಳಹಳಿಕೆಯಲ್ಲಿದ್ದಾರೆ, ಭಾರತೀಯರು ತಮ್ಮದೇ ಚರಿತ್ರೆಯಲ್ಲಿ ಪೋಷಕ ಪಾತ್ರಗಳಾಗಿದ್ದಾರೆ, ಬಲಾತ್ಕಾರದ ರೂಪಕಕ್ಕೂ ಬಿಳಿಯ ಹೆಣ್ಣೇ ಬೇಕಾಯಿತು ಎಂಬುದು ಅವನ ಆಕ್ಷೇಪದ ಸಾರ. ಇದನ್ನು ತಳ್ಳಿಹಾಕುವಂತಿಲ್ಲ: ಆ ಬಲಾತ್ಕಾರದ ಶಂಕೆಯಲ್ಲಿ ಹರಿಕುಮಾರ ಬಂಧಿತನಾದ ಮೇಲೆ ಕತೆಯ ಅಂಚಿಗೆ ಸರಿಯುತ್ತಾನೆ, ಬ್ರಿಟಿಷ್ ಲೇಟನ್ ಮನೆತನದ ದುಗುಡ ನಡುಮನೆಗೆ ಬರುತ್ತದೆ. ಆದರೆ ಮೆರಿಕ್ ಎಂಬ ಪಾತ್ರವಿದೆ. ವರ್ಗದ ಕೀಳರಿಮೆ, ಬಣ್ಣದ ದ್ವೇಷ, ಹೊರಗೆಡಹಲಾಗದ ಕಾಮ ಒಂದೇ ಮೈಯಲ್ಲಿ ಹೆಪ್ಪುಗಟ್ಟಿದ ಈ ಅಧಿಕಾರಿಯನ್ನು ನೋಡಿದವರಿಗೆ ಆಳ್ವಿಕೆಯ ಬಗ್ಗೆ ಹಳಹಳಿಕೆ ಉಳಿಯುವುದು ಕಷ್ಟ.

ಅದೇ 1984ರಲ್ಲಿ ಚೆಕಾವ್‌ನ ಆರಂಭದ ನಾಟಕವೊಂದಕ್ಕೆ ಮೈಕೆಲ್ ಫ್ರೇನ್ ಕೊಟ್ಟ ಹೊಸ ರೂಪ ‘ವೈಲ್ಡ್ ಹನಿ’ಯನ್ನು ಇಯಾನ್ ಮೆಕೆಲನ್ ಜೊತೆ ರಂಗಕ್ಕೆ ತಂದು ಮೊರಹನ್ ಅತ್ಯುತ್ತಮ ನಿರ್ದೇಶಕನೆಂದು ಒಲಿವಿಯರ್ ಪ್ರಶಸ್ತಿ ಪಡೆದ. ಫ್ರೇನ್ ಬರೆದುಕೊಟ್ಟ ‘ಕ್ಲಾಕ್‌ವೈಸ್’ (1986) ಅವನ ಚಿತ್ರಗಳಲ್ಲಿ ಹೆಚ್ಚು ಜನಪ್ರಿಯವಾಯಿತು. ಗಡಿಯಾರದ ಮುಳ್ಳಿನಂತೆ ಬದುಕುವ ಹೆಡ್‌ಮಾಸ್ಟರೊಬ್ಬ ತಪ್ಪು ರೈಲು ಹತ್ತಿ ಪಡುವ ಫಜೀತಿ ಅದರ ವಸ್ತು. ಜಾನ್ ಕ್ಲೀಸ್ ಆ ಮೇಷ್ಟ್ರು. ಸೈಮನ್ ಗ್ರೇ ಬರೆದ ‘ಆಫ್ಟರ್ ಪಿಲ್ಕಿಂಗ್‌ಟನ್’ (1987), ಪಿಂಟರ್ ರೂಪಾಂತರಿಸಿದ ‘ದ ಹೀಟ್ ಆಫ್ ದ ಡೇ’ (1989) ಕಿರುತೆರೆಗೆ ಬಂದವು. ಆಸ್ಪತ್ರೆಯ ಕೂಲಿಯೊಬ್ಬ ಡಾಕ್ಟರನಂತೆ ನಟಿಸುವ ‘ಪೇಪರ್ ಮಾಸ್ಕ್’ (1990) ಚಿತ್ರವೂ ಈ ಅವಧಿಯದೇ. ವೃತ್ತಿಬದುಕು ಶುರುಮಾಡಿದ ವಾರ್ಡಿಗೇ ಹಿಂತಿರುಗಿದಂತಾಯಿತು.

ನಟಿ ಆನಾ ಕಾರ್ಟರೆಟ್ ಅವನ ಎರಡನೆಯ ಹೆಂಡತಿ. ಮಗಳು ಹ್ಯಾಟಿ ಮೊರಹನ್ ಕೂಡ ನಟಿ. ಮೊರಹನ್ 2017ರ ಏಪ್ರಿಲ್ 7ರಂದು ತೀರಿಕೊಂಡ.

1965ರ ಆರ್ವೆಲ್ ನಾಟಕದ ಕತೆ ಮಾತ್ರ ಅದರ ಪ್ರಸಾರದೊಂದಿಗೇ ಮುಗಿದಿರಲಿಲ್ಲ. ಆ ಕಾಲದ ಅನೇಕ ಕಾರ್ಯಕ್ರಮಗಳಂತೆ ಅದೂ ಬ್ರಿಟನ್ನಿನಲ್ಲಿ ಉಳಿದಿರಲಿಲ್ಲ. ಅಮೆರಿಕದ ಸಾರ್ವಜನಿಕ ಟೆಲಿವಿಷನ್ನಿಗೆ ಹೋಗಿದ್ದ ಪ್ರತಿ 2010ರಲ್ಲಿ ಲೈಬ್ರರಿ ಆಫ್ ಕಾಂಗ್ರೆಸ್‌ನ ಸಂಗ್ರಹದಲ್ಲಿ ಸಿಕ್ಕಿತು. ನಡುವಿನ ಏಳೆಂಟು ನಿಮಿಷಗಳ ಭಾಗ ಮಾತ್ರ ಕೆಟ್ಟುಹೋಗಿತ್ತು.