ಯಾವ ಊರಿನವಳು?

ಟೊರಾಂಟೊದಲ್ಲಿ ನೆಲೆಸಿರುವ ಅಕ್ಕನ ಮಗಳು ಹೋದ ವರ್ಷ ರಜೆಗೆ ಬಂದಿದ್ದಳು. ಅವಳ ಹತ್ತು ವರ್ಷದ ಮಗಳು ಹುಟ್ಟಿ ಬೆಳೆದದ್ದೆಲ್ಲ ಅಲ್ಲಿಯೇ. ಒಂದು ಸಂಜೆ ನಾನು ಹೂ ಕಟ್ಟುತ್ತಿದ್ದಾಗ, "ಚಿಕ್ಕಜ್ಜಿ, ಸ್ಕೂಲಲ್ಲಿ 'ನಿಜವಾಗಿ ನೀನು ಯಾವ ಊರಿನವಳು' ಅಂತ ಕೇಳ್ತಾರೆ. ಟೊರಾಂಟೊ ಅಂದ್ರೆ ನಂಬೋದೇ ಇಲ್ಲ" ಎಂದಳು. 28 ವರ್ಷ ಚರಿತ್ರೆಯ ಪಾಠ ಹೇಳಿದ ನನಗೆ ಉತ್ತರ ಹೊಳೆಯಲಿಲ್ಲ.

ಹೊರಡುವಾಗ ಅವಳ ತಾಯಿ ಒಂದು ಕಾದಂಬರಿ ಕೊಟ್ಟುಹೋದಳು. ಲಾರೆನ್ಸ್ ಹಿಲ್ ಅವರ 'ದಿ ಬುಕ್ ಆಫ್ ನೀಗ್ರೋಸ್' (2007). ಈ ಹೆಸರು 1783ರ ಒಂದು ದಫ್ತರದ್ದು. ಅಮೆರಿಕದ ಸ್ವಾತಂತ್ರ್ಯ ಸಮರದಲ್ಲಿ ಬ್ರಿಟಿಷರ ಆಶ್ರಯ ಪಡೆದಿದ್ದ ಸುಮಾರು 3,000 ಕಪ್ಪು ಜನ ನ್ಯೂಯಾರ್ಕಿನಲ್ಲಿ ಹಡಗು ಹತ್ತಿದಾಗ ಅವರ ಹೆಸರುಗಳನ್ನು ಅದರಲ್ಲಿ ಬರೆದಿಟ್ಟಿದ್ದರು. ಹೆಚ್ಚಿನವರು ಇಳಿದದ್ದು ಇಂದಿನ ಕೆನಡಾದ ನೋವಾ ಸ್ಕೋಶಿಯಾದಲ್ಲಿ. ಕೊಡುತ್ತೇವೆಂದ ಜಮೀನು ಅನೇಕರಿಗೆ ಸಿಗಲೇ ಇಲ್ಲ. ಬೇಸತ್ತ ಸುಮಾರು 1,200 ಮಂದಿ 1792ರಲ್ಲಿ ಆಫ್ರಿಕಾದ ಸಿಯೆರಾ ಲಿಯೋನಿಗೆ ಹೊರಟುಹೋದರು.

ಓದುತ್ತ ಓದುತ್ತ ನನಗೆ ನಾಚಿಕೆಯಾಯಿತು. ಅಮೆರಿಕದಿಂದ ತಪ್ಪಿಸಿಕೊಂಡ ಗುಲಾಮರಿಗೆ ಕೆನಡಾ ಆಶ್ರಯವಿತ್ತಿತು ಎಂದು ತರಗತಿಯಲ್ಲಿ ಹೇಳುತ್ತಿದ್ದೆ. ಅದು ಸುಳ್ಳಲ್ಲ, ಅರ್ಧ ಮಾತು. ಆ ನೆಲದಲ್ಲಿಯೂ ಗುಲಾಮಗಿರಿ ಇತ್ತು; ಕಾನೂನಿನಿಂದ ಪೂರ್ತಿ ಅಳಿದದ್ದು 1834ರಲ್ಲಿ. ಹ್ಯಾಲಿಫ್ಯಾಕ್ಸ್ ನಗರದವರು ಆಫ್ರಿಕ್‌ವಿಲ್ ಎಂಬ ಕಪ್ಪು ಜನರ ಕೇರಿಯನ್ನು 1960ರ ದಶಕದಲ್ಲಿ ನೆಲಸಮ ಮಾಡಿ, ಕ್ಷಮೆ ಕೇಳಿದ್ದು 2010ರಲ್ಲಿ.

ಕೆನಡಾ 1971ರಲ್ಲಿ ಬಹುಸಂಸ್ಕೃತಿಯ ನೀತಿಯನ್ನು ಸಾರಿತು; 1988ರಲ್ಲಿ ಕಾನೂನನ್ನೂ ಮಾಡಿತು. ಒಳ್ಳೆಯದೇ. ಆದರೆ ಅತಿಥಿಗೆ ಮಣೆ ಹಾಕುವುದು ಬೇರೆ, ಮನೆಯವರೆನ್ನುವುದು ಬೇರೆ. ನೋವಾ ಸ್ಕೋಶಿಯಾದಲ್ಲಿ ಹುಟ್ಟಿದ ಕವಿ ಜಾರ್ಜ್ ಎಲಿಯಟ್ ಕ್ಲಾರ್ಕ್ ತಮ್ಮ ಜನರ ನೆಲೆಗೆ 'ಆಫ್ರಿಕೇಡಿಯಾ' ಎಂಬ ಹೊಸ ಹೆಸರನ್ನೇ ಕಟ್ಟಿದರು. 1970ರಲ್ಲಿ ಟ್ರಿನಿಡಾಡಿನಿಂದ ಬಂದ ಡಿಯಾನ್ ಬ್ರ್ಯಾಂಡ್ ವಲಸಿಗರ ಮಕ್ಕಳ ಟೊರಾಂಟೊವನ್ನು ಕಾದಂಬರಿಯಾಗಿ ಬರೆದರು. 2009ರಲ್ಲಿ ಆ ನಗರವೇ ಅವರನ್ನು ತನ್ನ ಆಸ್ಥಾನಕವಿಯಾಗಿ ಆರಿಸಿತು. ದೇಶವೆಂದರೆ ಯಾರು ಎಂಬ ಮಾತಿನ ಅರ್ಥವನ್ನೇ ಇವರು ಹಿಗ್ಗಿಸಿದರು.

ಮದುವೆಯಾಗಿ 30 ವರ್ಷವಾದರೂ ನಮ್ಮನ್ನು "ಎಲ್ಲಿಯ ಹೆಣ್ಣು?" ಎಂದು ಕೇಳುವವರಿದ್ದಾರೆ. ನಮಗೆ ಅದು ಒಂದು ಗಳಿಗೆಯ ಮುಜುಗರ. ಇನ್ನೂರು ವರ್ಷದಿಂದ ಅಲ್ಲಿಯೇ ಇರುವವರಿಗೆ ಹೇಗಿರಬೇಡ?

ಮೊನ್ನೆ ಫೋನಿನಲ್ಲಿ ಮಗುವಿಗೆ ಹೇಳಿದೆ: "ಟೊರಾಂಟೊ ಅನ್ನು. ನಂಬದಿದ್ದರೆ ಇನ್ನೊಂದು ಸಲ ಅನ್ನು."

"ಹಾಗಾದ್ರೆ ನಿಮ್ಮೂರು?"

"ಇದೂ ನಿನ್ನದೇ ಕಣೇ."