ಕಾರಡಗಿಯ ವಕೀಲರು



ಜೂನ್ 22 ಸಂತ ಥಾಮಸ್ ಮೋರ್‌ರವರ ಸ್ಮರಣೆಯ ದಿನ. ವಕೀಲರಾಗಿದ್ದು ರಾಜಕಾರಣಕ್ಕೆ ಬಂದ ಇವರನ್ನು ಪೋಪ್ ಎರಡನೇ ಜಾನ್ ಪಾಲ್‌ರವರು 2000ದಲ್ಲಿ ರಾಜಕಾರಣಿಗಳ ಪಾಲಕ ಸಂತರೆಂದು ಘೋಷಿಸಿದರು. ಈ ಹಬ್ಬ ಬಂದಾಗ ನಮಗೆ ನಮ್ಮದೇ ಸೀಮೆಯ ಒಬ್ಬ ವಕೀಲರು ನೆನಪಾಗುತ್ತಾರೆ. ಅವರು ಕ್ರೈಸ್ತರಲ್ಲ. ಎಂ.ಎನ್. ರಾಯ್‌ರವರ ವಿಚಾರಗಳನ್ನು ಮೆಚ್ಚಿದವರು, ದೇವರ ಹೆಸರಲ್ಲಿ ಮಾತಾಡಿದವರೂ ಅಲ್ಲ.

ಎಸ್.ಆರ್. ಬೊಮ್ಮಾಯಿಯವರು ಹುಟ್ಟಿದ್ದು 1924ರ ಜೂನ್ 6ರಂದು, ಶಿಗ್ಗಾಂವಿ-ಸವಣೂರು ಸೀಮೆಯ ಕಾರಡಗಿಯಲ್ಲಿ. ಹುಬ್ಬಳ್ಳಿಯಲ್ಲಿ ವಕೀಲಿ ಮಾಡಿ, ಏಕೀಕರಣ ಚಳವಳಿಯಲ್ಲಿ ದುಡಿದು, ಹುಬ್ಬಳ್ಳಿ ಗ್ರಾಮೀಣ ಕ್ಷೇತ್ರದಿಂದ ಆರಿಸಿಬಂದರು. 1988ರ ಆಗಸ್ಟ್ 13ರಂದು ಮುಖ್ಯಮಂತ್ರಿಯಾದರು.

ಮರುವರ್ಷದ ಏಪ್ರಿಲ್‌ನಲ್ಲಿ 19 ಶಾಸಕರು ಬೆಂಬಲ ಹಿಂತೆಗೆದರೆಂಬ ಪತ್ರಗಳು ರಾಜ್ಯಪಾಲ ವೆಂಕಟಸುಬ್ಬಯ್ಯನವರ ಕೈಸೇರಿದವು. ಅವರಲ್ಲಿ ಏಳು ಮಂದಿ ಮರುಕ್ಷಣವೇ ಎಂಬಂತೆ ಮಾತು ಬದಲಿಸಿದರು. ಬೊಮ್ಮಾಯಿಯವರು ಕೇಳಿದ್ದು ಒಂದೇ: ಸದನದಲ್ಲಿ ಎಣಿಸಿ ನೋಡಿ, ಬೇಕಾದರೆ ಅಧಿವೇಶನವನ್ನೇ ಮುಂಚಿತವಾಗಿ ಕರೆಯೋಣ. ಆ ಸದನದ ಸಭಾಧ್ಯಕ್ಷರೂ ನಮ್ಮ ಕಡೆಯವರೇ, ಹಿರೇಕೆರೂರಿನ ಬಿ.ಜಿ. ಬಣಕಾರರು. ಎಣಿಕೆ ನಡೆಯಲೇ ಇಲ್ಲ. ಏಪ್ರಿಲ್ 21ರಂದು ಸರ್ಕಾರ ವಜಾ ಆಯಿತು.

ಆರೋಪಿಯ ಮಾತು ಕೇಳದೆ ತೀರ್ಪು ಕೊಡುವುದುಂಟೇ ಎಂದು ನಿಕೊದೇಮನು ಫರಿಸಾಯರ ನಡುವೆ ಕೇಳಿದ್ದನ್ನು ಸಂತ ಯೊವಾನ್ನರ ಶುಭಸಂದೇಶದಲ್ಲಿ ಓದುತ್ತೇವೆ. ಅವನಿಗೂ ನೇರ ಉತ್ತರ ಸಿಗಲಿಲ್ಲ.

ಬೊಮ್ಮಾಯಿಯವರು ಹೈಕೋರ್ಟಿನಲ್ಲಿ ಸೋತು ಸುಪ್ರೀಂ ಕೋರ್ಟಿಗೆ ಹೋದರು. 1994ರ ಮಾರ್ಚ್ 11ರಂದು ಒಂಬತ್ತು ನ್ಯಾಯಾಧೀಶರ ಪೀಠ ತೀರ್ಪಿತ್ತಿತು: ಬಹುಮತ ತಿಳಿಯುವ ಜಾಗ ಸದನ, ರಾಜಭವನವಲ್ಲ, 356ನೇ ವಿಧಿಯ ಘೋಷಣೆಯನ್ನು ನ್ಯಾಯಾಲಯ ಪರೀಕ್ಷಿಸಬಹುದು. ಕರ್ನಾಟಕದ ವಜಾ ತಪ್ಪೆಂದಾಯಿತು. ಅಷ್ಟರಲ್ಲಿ ಐದು ವರ್ಷ ಸಂದಿತ್ತು, ಚುನಾವಣೆಯೂ ಮುಗಿದಿತ್ತು. ಗೆದ್ದವರಿಗೆ ಕುರ್ಚಿ ಮರಳಲಿಲ್ಲ. ಮುಂದೆ ಬೇರೆ ರಾಜ್ಯಗಳ ಎಷ್ಟೋ ಮುಖ್ಯಮಂತ್ರಿಗಳಿಗೆ ಆ ಗೆಲುವು ಒದಗಿತು.

ಅಲ್ಪಸಂಖ್ಯಾತರಾದ ನಮಗೆ ಅದೇ ತೀರ್ಪಿನ ಇನ್ನೊಂದು ಮಾತು ಮುಖ್ಯ. ಧರ್ಮನಿರಪೇಕ್ಷತೆ ಸಂವಿಧಾನದ ಮೂಲ ರಚನೆಯ ಭಾಗವೆಂದು ಅದು ಸಾರಿತು. ನಮ್ಮ ಮಕ್ಕಳಿಗೆ ಇದನ್ನು ಧರ್ಮೋಪದೇಶದ ತರಗತಿಯಲ್ಲೂ ಹೇಳಿಕೊಡಬೇಕೆಂಬುದು ನಮ್ಮ ಅನಿಸಿಕೆ.

ಒಂದು ಸಂಗತಿಯನ್ನು ನೋವಿನಿಂದಲೇ ಬರೆಯುತ್ತಿದ್ದೇವೆ. ಮಗ ಬಸವರಾಜ ಬೊಮ್ಮಾಯಿಯವರು ಮುಖ್ಯಮಂತ್ರಿಯಾಗಿದ್ದಾಗ ಮತಾಂತರ ತಡೆ ವಿಧೇಯಕವನ್ನು ವಿಧಾನಸಭೆ ಅಂಗೀಕರಿಸಿತು. ಅಂದು 2021ರ ಡಿಸೆಂಬರ್ 23, ಕ್ರಿಸ್ತಜಯಂತಿಗೆ ಎರಡೇ ದಿನ. ಬೆಂಗಳೂರಿನ ಮಹಾಧರ್ಮಾಧ್ಯಕ್ಷ ಪೀಟರ್ ಮಚಾದೊರವರು ಬಹಿರಂಗವಾಗಿಯೇ ವಿರೋಧಿಸಿದ್ದರು. ತಂದೆ ಏನೆನ್ನುತ್ತಿದ್ದರೋ! ಅವರು 2007ರ ಅಕ್ಟೋಬರ್ 10ರಂದೇ ತೀರಿಕೊಂಡಿದ್ದರು.