ಕನಸಿನಲ್ಲಿ ಸಿಕ್ಕ ಅಂಕಿತ

ರಾಯಚೂರು ಜಿಲ್ಲೆಯ ಚರಿತ್ರೆಗೆ ಎರಡು ಬಗೆಯ ಸಾಕ್ಷಿಗಳಿವೆ. ಒಂದು ಕಲ್ಲಿನ ಮೇಲಿದೆ, ಇನ್ನೊಂದು ಕನಸಿನಲ್ಲಿದೆ. ಸಿಂಧನೂರು, ಬಳಗಾನೂರು, ಮಸ್ಕಿ ಸೀಮೆಯಲ್ಲಿ ಓದಿದ ಯಾವ ವಿದ್ಯಾರ್ಥಿಗೂ ಮೊದಲನೆಯದು ಗೊತ್ತು. 1915ರಲ್ಲಿ ಚಿನ್ನದ ಅದಿರು ಹುಡುಕುತ್ತಿದ್ದ ಇಂಜಿನಿಯರ್ ಬೀಡನ್ ಮಸ್ಕಿಯ ಬಂಡೆಯ ಮೇಲೆ ಬ್ರಾಹ್ಮೀ ಅಕ್ಷರಗಳನ್ನು ಕಂಡ. ಅದರಲ್ಲಿ ‘ಅಶೋಕ’ ಎಂಬ ಹೆಸರೇ ಇದ್ದುದರಿಂದ ಉಳಿದ ಶಾಸನಗಳ ‘ದೇವಾನಾಂಪ್ರಿಯ’ ಯಾರೆಂಬುದು ಖಚಿತವಾಯಿತು.

ಎರಡನೆಯ ಸಾಕ್ಷಿ ತುಂಗಭದ್ರೆಯ ದಂಡೆಯ ಚೀಕಲಪರ್ವಿಯದು. ಅಲ್ಲಿಯ ದಾಸಪ್ಪ ಬಡತನದಿಂದ ಬೇಸತ್ತು ಕಾಶಿಗೆ ಹೋದ. ಅಲ್ಲಿ ಪುರಂದರದಾಸರು ಕನಸಿನಲ್ಲಿ ಬಂದು ‘ವಿಜಯವಿಠಲ’ ಎಂಬ ಅಂಕಿತ ಕೊಟ್ಟರು, ಎಚ್ಚರವಾದಾಗ ಆತ ವಿಜಯದಾಸನಾಗಿದ್ದ ಎಂದು ಹರಿದಾಸ ಪರಂಪರೆ ಹೇಳುತ್ತದೆ. ಪುರಂದರದಾಸರು ತೀರಿದ್ದು 1564ರಲ್ಲಿ, ವಿಜಯದಾಸರು ಹುಟ್ಟಿದ್ದು 1682ರಲ್ಲಿ. ನಡುವೆ 118 ವರ್ಷಗಳ ಅಂತರ. ಆ ಅಂತರವನ್ನು ದಾಟಿಸಿದ್ದು ಒಂದು ರಾತ್ರಿಯ ನಿದ್ದೆ.

ಸಾಹಿತ್ಯ ಚರಿತ್ರೆ ಬರೆಯುವವರಿಗೆ ಇದು ಇಕ್ಕಟ್ಟಿನ ಜಾಗ. ಕೆಲವರು ಇದನ್ನು ಪವಾಡವೆಂದು ಕೈಮುಗಿದು ಮುಂದೆ ಹೋಗುತ್ತಾರೆ. ಕೆಲವರು ಐತಿಹ್ಯವೆಂದು ಒಂದು ಸಾಲಿನಲ್ಲಿ ಬದಿಗಿಡುತ್ತಾರೆ. ಇತ್ತೀಚೆಗೆ ಮೂರನೆಯ ದಾರಿಯೂ ತೆರೆದಿದೆ: ಕನಸನ್ನೂ ನನಸನ್ನೂ ಬೇರ್ಪಡಿಸಲಾಗದ ಮನಸ್ಸಿನ ಕಾಯಿಲೆ ಇದು ಎನ್ನುವುದು. ಈ ಮೂರನೆಯದನ್ನು ಸ್ವಲ್ಪ ಪರೀಕ್ಷಿಸಬೇಕು.

ಅಂಥ ಕಾಯಿಲೆ ಬರೀ ಕಾದಂಬರಿಕಾರರ ಕಲ್ಪನೆಯಲ್ಲ. 1880ರಲ್ಲಿ ಫ್ರಾನ್ಸಿನ ವೈದ್ಯ ಗೆಲಿನೋ ‘ನಾರ್ಕೊಲೆಪ್ಸಿ’ ಎಂಬ ಹೆಸರು ಕೊಟ್ಟ ರೋಗದಲ್ಲಿ ಹಗಲು ಹೊತ್ತಿನಲ್ಲೇ ತಡೆಯಲಾರದ ನಿದ್ದೆ ಬರುತ್ತದೆ. 1953ರಲ್ಲಿ ಅಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ ನಿದ್ದೆಯಲ್ಲಿ ಕಣ್ಣುಗುಡ್ಡೆಗಳು ವೇಗವಾಗಿ ಚಲಿಸುವ ಹಂತವೊಂದನ್ನು ಗುರುತಿಸಿದರು. ನಮ್ಮ ಬಣ್ಣಬಣ್ಣದ ಕನಸುಗಳು ಹೆಚ್ಚಾಗಿ ಬೀಳುವುದು ಆ ಹಂತದಲ್ಲೇ. ಆಗ ಕೈಕಾಲಿನ ಸ್ನಾಯುಗಳು ಸಡಿಲಗೊಂಡು ದೇಹ ಅಲುಗಾಡುವುದಿಲ್ಲ. ನಾರ್ಕೊಲೆಪ್ಸಿ ಇರುವವರಲ್ಲಿ ಈ ಹಂತ ಹೊತ್ತಲ್ಲದ ಹೊತ್ತಿನಲ್ಲಿ ಎಚ್ಚರದೊಳಗೆ ನುಗ್ಗುತ್ತದೆ. ಕಣ್ಣು ತೆರೆದಿರುವಾಗಲೇ ಕೋಣೆಯಲ್ಲಿ ಯಾರೋ ನಿಂತಂತೆ ಕಾಣುತ್ತದೆ. ಯಾವುದೋ ಮಾತು ನಿಜವಾಗಿ ನಡೆದದ್ದೋ ಕನಸಿನದೋ ಎಂದು ದಿನಗಟ್ಟಲೆ ಗೊಂದಲವಾಗುತ್ತದೆ. ರೋಗವಿಲ್ಲದವರಿಗೂ ಒಮ್ಮೊಮ್ಮೆ ಎಚ್ಚರವಾದರೂ ಮೈ ಅಲುಗದೆ, ಎದೆಯ ಮೇಲೆ ದೆವ್ವ ಕೂತ ಹಾಗೆ ಆಗುವುದುಂಟು. ಇದನ್ನು ಅನುಭವಿಸುವವರಿಗೆ ಬೇಕಾದದ್ದು ವೈದ್ಯರು, ಮಂತ್ರವಾದಿಯಲ್ಲ.

ಆದರೆ ಕಾಶಿಯ ಕನಸು ಈ ಬಗೆಯದಲ್ಲ. ರೋಗದ ಲಕ್ಷಣವೆಂದರೆ ಗೆರೆ ಅಳಿಸಿಹೋಗುವುದು. ವಿಜಯದಾಸರ ಕಥೆಯಲ್ಲಿ ಗೆರೆ ಸ್ಪಷ್ಟವಾಗಿಯೇ ಇದೆ. ಪುರಂದರದಾಸರು ಎದುರಿಗೆ ಬಂದು ನಿಂತರು ಎಂದು ಪರಂಪರೆ ಹೇಳುವುದಿಲ್ಲ, ಕನಸಿನಲ್ಲಿ ಬಂದರು ಎಂದೇ ಹೇಳುತ್ತದೆ. ಇಂಥ ಅಂಕಿತಕ್ಕೆ ‘ಸ್ವಪ್ನಾಂಕಿತ’ ಎಂಬ ಬೇರೆ ಹೆಸರನ್ನೂ ಇಟ್ಟಿದೆ. ಕನಸನ್ನು ಕನಸೆಂದು ತಿಳಿದೇ ಅದರಲ್ಲಿ ಸಿಕ್ಕ ವಸ್ತುವನ್ನು ಈಚೆಗೆ ತಂದವರು ಇವರು.

ಇದರ ಹಿಂದೆ ಒಂದು ತತ್ವವಿದೆ. ಬ್ರಹ್ಮಸೂತ್ರದ ಮೂರನೆಯ ಅಧ್ಯಾಯದ ಎರಡನೆಯ ಪಾದ ಶುರುವಾಗುವುದೇ ಕನಸಿನ ವಿಚಾರದಿಂದ. ಅದ್ವೈತಿಗಳಿಗೆ ಕನಸು ಮಿಥ್ಯೆ, ಜಗತ್ತಿನ ಮಿಥ್ಯೆಯನ್ನು ವಿವರಿಸಲು ಒದಗುವ ದೃಷ್ಟಾಂತ. ಮಧ್ವಾಚಾರ್ಯರ ಮತದಲ್ಲಿ ಕನಸೂ ಸತ್ಯ. ಮನಸ್ಸಿನಲ್ಲಿ ಉಳಿದ ವಾಸನೆಗಳನ್ನೇ ಸಾಮಗ್ರಿಯಾಗಿಸಿ ಈಶ್ವರನು ಕನಸಿನ ವಸ್ತುಗಳನ್ನು ಸೃಷ್ಟಿಸುತ್ತಾನೆ. ಅವನ್ನು ಎಚ್ಚರದಲ್ಲಿ ಕಾಣುವ ಹೊರಗಿನ ವಸ್ತುಗಳೆಂದು ತಿಳಿಯುವುದಷ್ಟೇ ಭ್ರಮೆ. ಮಾಧ್ವರಾದ ಹರಿದಾಸರಿಗೆ ಈ ಸೂಕ್ಷ್ಮ ಗೊತ್ತಿತ್ತು. ಹಾಗಾಗಿ ಅವರು ಕನಸನ್ನು ಸುಳ್ಳೆನ್ನಬೇಕಾಗಲಿಲ್ಲ, ನನಸೆಂದೂ ಹೇಳಬೇಕಾಗಲಿಲ್ಲ.

ನಮ್ಮ ನುಡಿಯಲ್ಲೂ ಈ ಎಚ್ಚರವಿದೆ. ಕನಸು, ನನಸು: ಮೊದಲಕ್ಷರವೊಂದೇ ಬೇರೆ. ತಮಿಳಿನಲ್ಲೂ ಇದೇ ಜೋಡಿ ‘ಕನವು’, ‘ನನವು’ ಎಂದು ಬಹಳ ಹಿಂದಿನಿಂದ ಇದೆ. ಎರಡೂ ಇಷ್ಟು ಹತ್ತಿರವೆಂದು ಗೊತ್ತಿದ್ದವರೇ ಎರಡಕ್ಕೂ ಬೇರೆ ಹೆಸರಿಟ್ಟರು. ಹನ್ನೆರಡನೆಯ ಶತಮಾನದ ಅಕ್ಕಮಹಾದೇವಿ ತಾನು ಕಂಡ ಕನಸನ್ನು ಗೆಳತಿಗೆ ಹೇಳುವ ವಚನ ನೆನಪಿಸಿಕೊಳ್ಳಿ. ಅಲ್ಲಿಯೂ ಆಕೆ ಅದನ್ನು ಕನಸೆಂದೇ ಮೊದಲು ಹೇಳಿ ನಂತರ ವಿವರಕ್ಕೆ ಇಳಿಯುತ್ತಾಳೆ.

ಹಾಗಾದರೆ ಚರಿತ್ರೆಯ ವಿದ್ಯಾರ್ಥಿ ಕೇಳಬೇಕಾದ ಪ್ರಶ್ನೆ ‘ಕನಸು ನಿಜವೇ?’ ಎಂಬುದಲ್ಲ, ‘ಆ ಕನಸು ಏನು ಮಾಡಿತು?’ ಎಂಬುದು. ವಿಜಯನಗರ 1565ರಲ್ಲಿ ಕುಸಿದ ಮೇಲೆ ಹಂಪಿಯ ದಾಸಕೂಟಕ್ಕೆ ಮೊದಲಿನ ಆಸರೆ ಉಳಿಯಲಿಲ್ಲ. ತಮ್ಮನ್ನು ಪುರಂದರದಾಸರ ಶಿಷ್ಯನೆಂದು ಕರೆದುಕೊಳ್ಳಲು ವಿಜಯದಾಸರಿಗೆ ಕನಸು ಅಧಿಕಾರ ಕೊಟ್ಟಿತು. ಅಲ್ಲಿಂದ ಮುಂದಿನದು ಎಚ್ಚರದ ಕೆಲಸ. ಮೊಸರಕಲ್ಲಿನ ಗೋಪಾಲದಾಸರು ವಿಜಯದಾಸರ ಶಿಷ್ಯರಾದರು. ಬ್ಯಾಗವಾಟದ ಜಗನ್ನಾಥದಾಸರು ಗೋಪಾಲದಾಸರ ದಾರಿ ಹಿಡಿದು 32 ಸಂಧಿಗಳ ‘ಹರಿಕಥಾಮೃತಸಾರ’ ಬರೆದರು. ಲಿಂಗಸುಗೂರಿನ ಪ್ರಾಣೇಶದಾಸರು ಜಗನ್ನಾಥದಾಸರ ಶಿಷ್ಯರಾದರು. ಒಂದು ರಾತ್ರಿಯ ಕನಸಿಗೆ ಒಂದು ಜಿಲ್ಲೆಯೇ ಹಾಡಿ ಉತ್ತರ ಕೊಟ್ಟಿತು.

ಮತ್ತೊಂದು ಸಂಗತಿಯಿದೆ. ಹತ್ತೊಂಬತ್ತನೆಯ ಶತಮಾನದ ಹರಪನಹಳ್ಳಿ ಭೀಮವ್ವನಿಗೆ ‘ಭೀಮೇಶಕೃಷ್ಣ’ ಅಂಕಿತ ನಾರದರಿಂದಲೇ ಬಂತೆಂದು ಹೇಳುತ್ತಾರೆ. ಹೆಣ್ಣುಮಗಳೊಬ್ಬಳಿಗೆ ಹಾಡು ಕಟ್ಟುವ ಅಧಿಕಾರ ಯಾರು ಕೊಟ್ಟರು ಎಂದು ಕೇಳಬಹುದಾಗಿದ್ದ ಕಾಲದಲ್ಲಿ, ಆ ಪ್ರಶ್ನೆಗೆ ಯಾರೂ ಎದುರಾಡಲಾರದ ಉತ್ತರ ಅದು. ಇಂಥ ಕಥೆಗಳನ್ನು ಕಾಯಿಲೆ ಎಂದು ಷರಾ ಬರೆದರೆ ನಾವು ಕಳೆದುಕೊಳ್ಳುವುದು ಪವಾಡವನ್ನಲ್ಲ. ಬೇರೆ ಬಾಗಿಲು ಮುಚ್ಚಿದ್ದವರು ಯಾವ ಬಾಗಿಲಿನಿಂದ ಸಾಹಿತ್ಯದೊಳಗೆ ಬಂದರು ಎಂಬ ಮಾಹಿತಿಯನ್ನೇ ಕಳೆದುಕೊಳ್ಳುತ್ತೇವೆ.

ಮಸ್ಕಿಯ ಬಂಡೆ ಒಬ್ಬ ರಾಜನ ಹೆಸರನ್ನು ಎರಡು ಸಾವಿರ ವರ್ಷ ಕಾಪಾಡಿತು. ಆ ಬಂಡೆ ಕೆತ್ತಿಸಲು ಸಾಮ್ರಾಜ್ಯವೇ ಬೇಕಿತ್ತು. ಚೀಕಲಪರ್ವಿಯ ಬಡವನ ಬಳಿ ಇದ್ದದ್ದು ನಿದ್ದೆ ಮಾತ್ರ.